ಎಕ್ಸ್‌ಪರ್ಟ್ ಬಿಟ್ರೆ ಸಹಿ ಒಪ್ಪಿದ ಹಾಗಾ?

ನಮ್ಮ ತಿಪಟೂರು, ತುರುವೇಕೆರೆ ಕಡೆ ತೋಟದ ಪಾಲಿಗೆ ಕೋರ್ಟ್ ಮೆಟ್ಟಿಲು ಹತ್ತೋದು ಹೊಸದೇನಲ್ಲ. ನಮ್ಮನೇದೂ ಒಂದು ಕೇಸಿದೆ. ಪಾಲುಪಟ್ಟಿ ಮೇಲಿರೋ ಸಹಿ ತಾತಂದೇ ಅಂತಾರೆ ಅಪ್ಪ. ಅಲ್ಲ ಅಂತಾರೆ ಚಿಕ್ಕಪ್ಪ. ಇಬ್ಬರೂ ಒಬ್ಬೊಬ್ಬ ಕೈಬರಹ ತಜ್ಞರನ್ನ ಹಿಡಿದ್ರು. ಅಟ್ಟದ ಕೊಬ್ಬರಿ ಮಾರಿದ ದುಡ್ಡು ಸೀದಾ ಅವರ ಫೀಸಿಗೆ ಹೋಯ್ತು.

ವಿಚಾರಣೆ ಶುರುವಾಗೋ ಮುಂಚೆ ಚಿಕ್ಕಪ್ಪನೇ ಬಂದು, "ಅಣ್ಣ, ನಿಮ್ಮೋರ್ನ ನೀವು ಬಿಡಿ, ನಮ್ಮೋರ್ನ ನಾನು ಬಿಡ್ತೀನಿ" ಅಂದ್ರು. ಅಪ್ಪಂಗೆ ಖುಷಿ. ಸಹಿ ಒಪ್ಪಿಬಿಟ್ಟ ಅಂದ್ಕೊಂಡ್ರು.

ಅಲ್ಲೇ ಎಡವಿದ್ದು. ನಾನು ಬಿ.ಕಾಂ, ವಕೀಲ ಅಲ್ಲ. ನಮ್ಮ ವಕೀಲರು ಬಿಡಿಸಿ ಹೇಳಿದ್ದಿದು. ತಜ್ಞರನ್ನ ಕೈಬಿಡೋದು ಬೇರೆ, ಸಹಿ ಒಪ್ಪೋದು ಬೇರೆ. ಪತ್ರ ನೆಚ್ಚಿಕೊಂಡಿರೋದು ಅಪ್ಪ, ಹಾಗಾಗಿ ಸಾಬೀತು ಮಾಡೋ ಹೊರೆ ಅವರ ಮೇಲೇ. ಸಹಿ ಹಾಕಿದ್ದು ನೋಡಿದವರು, ತಾತನ ಬರಹ ಬಲ್ಲವರು ಬಂದು ಹೇಳಬೇಕು. ನ್ಯಾಯಾಧೀಶರೇ ಬೇರೆ ಸಹಿ ಜೊತೆ ಹೋಲಿಸಿ ನೋಡಬಹುದು: ಹಳೇ ಸಾಕ್ಷ್ಯ ಕಾಯ್ದೆಯ 73ನೇ ಸೆಕ್ಷನ್, 2024ರ ಜುಲೈ 1ರಿಂದ ಬಂದ ಹೊಸದರಲ್ಲಿ 72.

ಇನ್ನೊಂದು, ಅಳತೆಗೆ ಬಂದ ಕೋರ್ಟ್ ಕಮಿಷನರ್ ವರದಿ ಇದ್ರೆ, ಎರಡೂ ಕಡೆಯವರು ಬೇಡ ಅಂದ ಮಾತ್ರಕ್ಕೆ ಅಳಿಸಿ ಹೋಗಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ 26ನೇ ಆದೇಶದ ಪ್ರಕಾರ ಅದೇ ಒಂದು ಸಾಕ್ಷ್ಯ.

ಈಗ ವಕೀಲರು ಜಂಟಿ ಮೆಮೋ ಬರೆದಿದ್ದಾರೆ. "ಸಹಿ ಬಗ್ಗೆ ತಕರಾರಿಲ್ಲ" ಅನ್ನೋ ಸಾಲು ಸೇರಿಸಿದ್ರು. ಚಿಕ್ಕಪ್ಪ ಆ ಸಾಲು ಹೊಡೆದುಹಾಕಿ ವಾಪಸ್ ಕಳಿಸಿದ್ರು. ಪಾಲುಪಟ್ಟಿಗೆ ಸಾಕ್ಷಿ ಹಾಕಿದ್ದವರಲ್ಲಿ ಬದುಕಿರೋದು ಒಬ್ಬರೇ, ಚಿಕ್ಕನಾಯಕನಹಳ್ಳಿ ಹತ್ರ. ವಯಸ್ಸಾಗಿದೆ. ಈ ಭಾನುವಾರ ಅಪ್ಪನ್ನ ಬೈಕಲ್ಲಿ ಕೂರಿಸ್ಕೊಂಡು ಅಲ್ಲಿಗೇ ಹೋಗ್ತಿದ್ದೀನಿ.