ಆಟಗಾರ್ತಿಯ ಅನ್ನದ ಪ್ರಶ್ನೆ

(ಯಲಹಂಕದಲ್ಲಿ ಸೇರಿದ್ದ ಕಾರ್ಮಿಕರ ಹಾಗೂ ಯುವಜನರ ಸಭೆಯಲ್ಲಿ ಮಾಡಿದ ಭಾಷಣ)



ಕೂಲಿ, ಬೋನಸ್ಸು, ಮನೆ ಬಾಡಿಗೆಗಳ ಮಾತಾಡುವ ಈ ವೇದಿಕೆಯಲ್ಲಿ ನಾವು ಬಾಸ್ಕೆಟ್ ಬಾಲ್ ಆಟದ ಮಾತೆತ್ತಿದರೆ ಕೆಲವರಿಗೆ ನಗು ಬಂದೀತು. ಹೊಟ್ಟೆಗೆ ಹಿಟ್ಟಿಲ್ಲದವರಿಗೆ ಆಟವೇಕೆ ಎಂದು ಕೇಳಿಯಾರು. ಆದರೆ ಆಟವೂ ದುಡಿಮೆಯೇ. ಹತ್ತು ಹದಿನೈದು ವರ್ಷ ಮೈಮುರಿದು ಕಲಿತ ಹೆಣ್ಣುಮಗಳೊಬ್ಬಳು ಆ ವಿದ್ಯೆಯಿಂದ ಬದುಕಬಲ್ಲಳೇ ಎಂಬುದು ಕೂಲಿಯ ಪ್ರಶ್ನೆಯೇ ಹೊರತು ಬೇರೆಯಲ್ಲ.

ಮೊದಲು ಜಗತ್ತಿನ ಅತ್ಯಂತ ಶ್ರೀಮಂತ ದೇಶವನ್ನೇ ನೋಡೋಣ. ಅಮೆರಿಕದಲ್ಲಿ ಮಹಿಳೆಯರ ವೃತ್ತಿಪರ ಲೀಗು 1997ರಲ್ಲಿ ಆಟ ಆರಂಭಿಸಿತು. 2024ರಲ್ಲಿ ಆ ಲೀಗಿಗೆ ಮೊದಲನೆಯವಳಾಗಿ ಆಯ್ಕೆಯಾದ ಕೇಟ್ಲಿನ್ ಕ್ಲಾರ್ಕ್ ಎಂಬ ತರುಣಿಗೆ ಮೊದಲ ವರ್ಷದ ಸಂಬಳ ಸುಮಾರು 76 ಸಾವಿರ ಡಾಲರು. ಅದೇ ವರ್ಷ ಗಂಡಸರ ಲೀಗಿಗೆ ಮೊದಲನೆಯವನಾಗಿ ಆಯ್ಕೆಯಾದ ಹುಡುಗನಿಗೆ 1 ಕೋಟಿ 20 ಲಕ್ಷ ಡಾಲರಿಗೂ ಮೇಲು. ನೂರೈವತ್ತು ಪಟ್ಟಿಗೂ ಹೆಚ್ಚು! ಗಂಡಸರ ಲೀಗಿನ ಆದಾಯ ದೊಡ್ಡದು, ಪಂದ್ಯಗಳೂ ಹೆಚ್ಚು ಎನ್ನುತ್ತಾರೆ, ನಿಜ. ಆದರೆ ಆಟಗಾರ್ತಿಯರು ಗಂಡಸರಷ್ಟೇ ಹಣ ಕೊಡಿ ಎಂದು ಕೇಳಲಿಲ್ಲ. ತಮ್ಮ ಲೀಗಿನ ಆದಾಯದಲ್ಲೇ ತಮಗೆ ನ್ಯಾಯವಾದ ಪಾಲು ಕೇಳಿದರು. 2025ರ ಜುಲೈಯಲ್ಲಿ, ಲಕ್ಷಾಂತರ ಜನ ನೋಡುವ ತಾರೆಗಳ ಪಂದ್ಯಕ್ಕೆ ಮುಂಚೆ, ನಮಗೆ ಸಲ್ಲಬೇಕಾದುದನ್ನು ಸಲ್ಲಿಸಿ ಎಂಬ ಅಂಗಿ ತೊಟ್ಟು ಅಂಗಳಕ್ಕಿಳಿದರು. ಸಂಘ ಕಟ್ಟಿದ ಕಾರ್ಮಿಕರ ಭಾಷೆಯಲ್ಲವೇ ಅದು? ಸಂಘದ ಬಲದಿಂದಲೇ 2020ರ ಒಪ್ಪಂದದಲ್ಲಿ ಹೆರಿಗೆ ರಜೆಗೆ ಪೂರ್ಣ ಸಂಬಳ ಪಡೆದವರು ಅವರು.

ಸಂಬಳ ಸಾಲದೆ ಬಿಡುವಿನ ತಿಂಗಳುಗಳಲ್ಲಿ ರಷ್ಯ, ತುರ್ಕಿ, ಚೀನಗಳಿಗೆ ಹೋಗಿ ದುಡಿದವರೂ ಅವರೇ. ಬ್ರಿಟ್ನಿ ಗ್ರೈನರ್ ಅಂಥವಳು. 2022ರ ಫೆಬ್ರವರಿಯಲ್ಲಿ ಮಾಸ್ಕೋದ ವಿಮಾನ ನಿಲ್ದಾಣದಲ್ಲಿ ಗಾಂಜಾ ಎಣ್ಣೆಯ ಆರೋಪದ ಮೇಲೆ ಬಂಧನಕ್ಕೊಳಗಾಗಿ, ಬಿಡುಗಡೆ ಕಂಡದ್ದು ಡಿಸೆಂಬರಿನಲ್ಲಿ. ಒಲಿಂಪಿಕ್ ಚಿನ್ನ ಗೆದ್ದವಳೂ ಗುಳೆ ಹೋಗಬೇಕಾಯಿತು, ರಾಯಚೂರಿನ ನಮ್ಮ ಕೂಲಿಯವರು ಬೆಂಗಳೂರಿಗೆ ಬಂದ ಹಾಗೆ.

ಈಗ ನಮ್ಮ ದೇಶಕ್ಕೆ ಬರೋಣ. 2017ರ ಜುಲೈಯಲ್ಲಿ ಇಲ್ಲೇ ನಮ್ಮ ಬೆಂಗಳೂರಿನ ಶ್ರೀ ಕಂಠೀರವ ಒಳಾಂಗಣ ಕ್ರೀಡಾಂಗಣದಲ್ಲಿ ಭಾರತದ ಹೆಣ್ಣುಮಕ್ಕಳು ಏಷ್ಯಾ ಕಪ್ಪಿನ ಎರಡನೆಯ ವಿಭಾಗದ ಅಂತಿಮ ಪಂದ್ಯದಲ್ಲಿ ಕಜಕಸ್ತಾನವನ್ನು 75-73ರಿಂದ ಸೋಲಿಸಿದರು. ಎರಡೇ ಅಂಕಗಳ ಗೆಲುವು. ಆ ತಂಡದ ಹಿರಿಯಾಕೆ ತಮಿಳುನಾಡಿನ ಅನಿತಾ ಪಾಲ್‌ದೊರೈ. 2001ರಿಂದ ದೇಶಕ್ಕಾಗಿ ಆಡಿ, ಹತ್ತೊಂಬತ್ತನೆಯ ವಯಸ್ಸಿಗೇ ನಾಯಕಿಯಾಗಿ, ತಾಯಿಯಾದ ಮೇಲೂ ಅಂಗಳಕ್ಕೆ ಮರಳಿದ ಈಕೆಗೆ 2021ರಲ್ಲಿ ಪದ್ಮಶ್ರೀ ಸಂದಿತು. ಕೇರಳದ ಗೀತು ಅನ್ನಾ ಜೋಸ್ 2006ರಿಂದ ಆಸ್ಟ್ರೇಲಿಯದ ರಿಂಗ್‌ವುಡ್ ಹಾಕ್ಸ್ ತಂಡಕ್ಕೆ ಆಡಿದಳು. 2011ರಲ್ಲಿ ಅಮೆರಿಕದ ಮೂರು ತಂಡಗಳು ಆಕೆಯನ್ನು ಪರೀಕ್ಷೆಗೆ ಕರೆದವು. ಆಯ್ಕೆಯಾಗಲಿಲ್ಲ, ಆದರೆ ಆ ಬಾಗಿಲನ್ನು ತಟ್ಟಿದ ಭಾರತೀಯಳೆಂಬ ಹೆಸರು ಉಳಿಯಿತು. ನಮ್ಮ ಕರ್ನಾಟಕದ ಪಿ. ಯು. ನವನೀತಾ ಕೂಡ ಭಾರತದ ಅಂಗಿ ತೊಟ್ಟವರೇ.

ಅನಿತಾ, ಗೀತು ಇಬ್ಬರಿಗೂ ಅನ್ನ ಕೊಟ್ಟದ್ದು ಯಾವುದು? ಯಾವ ಲೀಗೂ ಅಲ್ಲ. ದಕ್ಷಿಣ ರೈಲ್ವೆಯ ನೌಕರಿ. ಇಲ್ಲಿ 2015ರಲ್ಲಿ ಹುಟ್ಟಿದ ವೃತ್ತಿಪರ ಲೀಗು ಗಂಡಸರದು; ಅದೂ ಎರಡು ವರ್ಷಕ್ಕೆ ಕಣ್ಣುಮುಚ್ಚಿತು. ಹೆಣ್ಣುಮಕ್ಕಳ ಪಾಲಿಗೆ ವೃತ್ತಿಪರ ಆಟವೆಂದರೆ ಕ್ರೀಡಾ ಕೋಟಾದ ಸರ್ಕಾರಿ ಕೆಲಸ. ತಿಂಗಳ ಸಂಬಳ, ಅಭ್ಯಾಸಕ್ಕೆ ಬಿಡುವು, 180 ದಿನಗಳ ಹೆರಿಗೆ ರಜೆ, ಮೂವತ್ತೈದಕ್ಕೆ ಮಂಡಿ ಸೋತಮೇಲೂ ಉಳಿಯುವ ಉದ್ಯೋಗ: ಇಷ್ಟನ್ನು ಕೊಟ್ಟ ರೈಲ್ವೆಯ ತಂಡವೇ ರಾಷ್ಟ್ರೀಯ ಪಂದ್ಯಾವಳಿಗಳನ್ನು ವರ್ಷಗಟ್ಟಲೆ ಆಳಿದುದರಲ್ಲಿ ಆಶ್ಚರ್ಯವೇನು?

ಈ ಮಾತನ್ನು ಯಲಹಂಕದಲ್ಲಿ ಆಡಲು ಕಾರಣವಿದೆ. 1984ರಿಂದ ಈ ಊರಿನ ಹೆಸರನ್ನು ದೇಶದ ರೈಲುಗಾಲಿಗಳ ಜೊತೆ ಬೆಸೆದಿರುವ ಕಾರ್ಖಾನೆ ಇಲ್ಲಿದೆ. 2019ರಲ್ಲಿ ರೈಲ್ವೆಯ ಏಳು ಉತ್ಪಾದನಾ ಘಟಕಗಳನ್ನು ನಿಗಮವಾಗಿಸುವ ಪ್ರಸ್ತಾಪ ಬಂದಾಗ ಅದರಲ್ಲಿ ಈ ಗಾಲಿ ಕಾರ್ಖಾನೆಯೂ ಸೇರಿತ್ತು. ಕಾರ್ಮಿಕರು ಬೀದಿಗಿಳಿದು ವಿರೋಧಿಸಿದರು. ಅಂಥ ಪ್ರಸ್ತಾಪ ಮತ್ತೆ ಬಂದರೆ ಹೋಗುವುದು ನಮ್ಮ ಕಾಯಂ ಕೆಲಸ ಮಾತ್ರವಲ್ಲ. ಚೆಂಡು ಹಿಡಿದ ಹುಡುಗಿಯ ಕೆಲಸವೂ ಹೋಗುತ್ತದೆ. ಲಾಭವೊಂದನ್ನೇ ಎಣಿಸುವ ಆಡಳಿತ ಆಟಗಾರ್ತಿಯನ್ನು ಮೊದಲ ದಂಡದ ಖರ್ಚೆಂದು ಬರೆದೀತು. ಪಕ್ಕದ ಜಾಲಹಳ್ಳಿಯ ಎಚ್‌ಎಂಟಿ ಗಡಿಯಾರಕ್ಕಾದ ಗತಿ ನಮ್ಮ ಕಣ್ಣ ಮುಂದಿದೆ.

ಕಾರ್ಖಾನೆ ಮತ್ತು ಆಟ ಎರಡೂ ಕೂಡಿ ಬೆಳೆಯಲಾರವೆನ್ನುವವರು ಜಪಾನನ್ನು ನೋಡಲಿ. ಅಲ್ಲಿನ ಮಹಿಳಾ ಲೀಗಿನ ದೊಡ್ಡ ತಂಡಗಳೆಲ್ಲ ಟೊಯೋಟಾ, ಡೆನ್ಸೋ, ಫುಜಿತ್ಸು, ಎನಿಯೋಸ್ ಮೊದಲಾದ ಉದ್ಯಮಗಳವು. ಆ ದೇಶ 2021ರ ಟೋಕಿಯೋ ಒಲಿಂಪಿಕ್ಸಿನಲ್ಲಿ ಬೆಳ್ಳಿ ಗೆದ್ದಿತು. 2019ರ ಏಷ್ಯಾ ಕಪ್ಪನ್ನು ನಮ್ಮ ಕಂಠೀರವದಲ್ಲೇ ಎತ್ತಿಕೊಂಡು ಹೋಯಿತು. ಅದೇ ಪಂದ್ಯಾವಳಿಯಲ್ಲಿ ಎಂಟು ತಂಡಗಳ ಪೈಕಿ ನಾವು ಎಂಟನೆಯವರು.

ಸೋತ ಹುಡುಗಿಯರನ್ನು ದೂರುವುದು ಬೇಡ. ಕೋಟಾ ದೊರೆಯುವುದು ರಾಷ್ಟ್ರಮಟ್ಟ ಮುಟ್ಟಿದ ಮೇಲೆ. ಅಲ್ಲಿವರೆಗೆ ಬಡವರ ಮಗಳು ಹೇಗೆ ಬರಬೇಕು? 2008ರಲ್ಲಿ ದೇವನಹಳ್ಳಿಗೆ ವಿಮಾನ ನಿಲ್ದಾಣ ಬಂದ ಮೇಲೆ ಹೆಬ್ಬಾಳದಿಂದ ಆಚೆಗೆ ನೆಲಕ್ಕೆ ಚಿನ್ನದ ಬೆಲೆ. ಬಯಲೆಲ್ಲ ಬಡಾವಣೆಯಾಯಿತು. ಒಳ್ಳೆಯ ಅಂಗಳಗಳು ಇಲ್ಲವೆಂದಲ್ಲ, ಇವೆ; ಅವುಗಳ ಬಾಗಿಲಲ್ಲಿ ಶುಲ್ಕದ ಪಟ್ಟಿ ಇದೆ. ಗಾರ್ಮೆಂಟ್ಸಿಗೆ ಹೋಗುವ ತಾಯಿ ಆ ಪಟ್ಟಿ ಓದಿ ಮಗಳ ಕೈಹಿಡಿದು ಮನೆಗೆ ಹಿಂದಿರುಗುತ್ತಾಳೆ. ಉಳಿದ ಸಾರ್ವಜನಿಕ ಮೈದಾನದಲ್ಲಿ ಸಂಜೆ ಗಂಡುಹುಡುಗರ ಕ್ರಿಕೆಟ್ಟು. ದೀಪವಿಲ್ಲ, ಹೆಣ್ಣುಮಕ್ಕಳಿಗೆ ಶೌಚಾಲಯವಿಲ್ಲ. ಸರ್ಕಾರ ಯಾವ ಪಕ್ಷದ್ದೇ ಇರಲಿ, ಒಳ್ಳೆಯದನ್ನು ಒಳ್ಳೆಯದೆನ್ನಬೇಕು: 2023ರ ಜೂನಿನಲ್ಲಿ ಬಂದ ಶಕ್ತಿ ಯೋಜನೆಯಿಂದ ಯಶವಂತಪುರದ ಹುಡುಗಿ ಕಂಠೀರವದವರೆಗೆ ಬಿಟ್ಟಿಯಾಗಿ ಬಸ್ಸಿನಲ್ಲಿ ಹೋಗಬಲ್ಲಳು. ಆದರೆ ಏಳನೆಯ ತರಗತಿಯ ಮಗು ಶಾಲೆ ಬಿಟ್ಟ ಮೇಲೆ ದಿನವೂ ಅಷ್ಟು ದೂರ ಹೋಗಿ ಬಂದೀತೇ?

ಲೋಹಿಯಾ ಅವರು ತಮ್ಮ ಸಪ್ತಕ್ರಾಂತಿಯಲ್ಲಿ ಗಂಡು ಹೆಣ್ಣಿನ ಸಮಾನತೆಗೆ ಸ್ಥಾನ ಕೊಟ್ಟರು. ಹಿಂದುಳಿದವರಿಗೆ ನೂರಕ್ಕೆ ಅರವತ್ತು ಕೇಳಿದಾಗ ಆ ಹಿಂದುಳಿದವರಲ್ಲಿ ಹೆಂಗಸರನ್ನೂ ಎಣಿಸಿದರು. ಆ ಲೆಕ್ಕ ಮೈದಾನಕ್ಕೂ ಅನ್ವಯಿಸಬೇಕು.

ಆದುದರಿಂದ ನಾವು ಕೇಳುವುದು ಇಷ್ಟು. ಒಂದು, ಯಲಹಂಕ, ಹೆಬ್ಬಾಳ, ಆರ್.ಟಿ. ನಗರ, ಯಶವಂತಪುರಗಳ ಸರ್ಕಾರಿ ಶಾಲೆಗಳ ನೆಲದಲ್ಲಿ ಊರಿಗೊಂದಾದರೂ ಅಂಗಳವಾಗಲಿ. 28 ಮೀಟರ್ ಉದ್ದ, 15 ಮೀಟರ್ ಅಗಲದ ಗಚ್ಚು, ಎರಡು ಕಂಬ, ದೀಪ, ಶೌಚಾಲಯ ಸಾಕು. ಎರಡು, ಅಲ್ಲಿ ಸಂಜೆಯ ಎರಡು ಗಂಟೆ ಹೆಣ್ಣುಮಕ್ಕಳಿಗೇ ಮೀಸಲಾಗಲಿ. ಕಲಿಸುವವಳಿಗೆ ಗೌರವಧನವಲ್ಲ, ಸಂಬಳ ಸಿಗಲಿ. ಮೂರು, ರಾಜ್ಯದ ನಿಗಮಗಳೂ ಇಲ್ಲಿನ ದೊಡ್ಡ ಕಾರ್ಖಾನೆಗಳೂ ಮಹಿಳಾ ತಂಡ ಕಟ್ಟಿ ಕಾಯಂ ಕೆಲಸ ಕೊಡಲಿ. ನಾಲ್ಕು, ರೈಲ್ವೆಯ ಕಾರ್ಖಾನೆ ಸರ್ಕಾರದ ಕೈಯಲ್ಲೇ ಉಳಿಯಲಿ.

ಕಾರ್ಮಿಕ ಸಂಘಗಳ ಬೇಡಿಕೆ ಪಟ್ಟಿಯಲ್ಲಿ ಈ ನಾಲ್ಕೂ ಸೇರಬೇಕು. ನಿಮ್ಮ ಬೀದಿಯ ಶಾಲೆಗೆ ನಾಳೆಯೇ ಹೋಗಿ, ಅಲ್ಲಿ ನೆಲ ಎಷ್ಟಿದೆ ಎಂದು ಅಳೆದು ಬನ್ನಿ. ಮುಂದಿನ ಸಭೆಗೆ ಆ ಲೆಕ್ಕ ಬರಲಿ. ಅದನ್ನು ಹಿಡಿದೇ ನಾವು ಅಧಿಕಾರಿಗಳ ಮುಂದೆ ಹೋಗೋಣ.