ಪಹಣಿ ಇಲ್ಲದವನಿಗೆ ಜಾಮೀನು ನಿಲ್ಲುವವರು ಯಾರು?

(ಸಂತೇಬೆನ್ನೂರಿನಲ್ಲಿ ರೈತರು ಹಾಗೂ ವಿದ್ಯಾರ್ಥಿಗಳ ಸಭೆಯಲ್ಲಿ ಮಾಡಿದ ಭಾಷಣದ ಬರಹರೂಪ)



ಅಡಕೆಯ ಅಣಬೆ ರೋಗವನ್ನು ಕುರಿತು ಮಾತನಾಡಬೇಕಾದವನನ್ನು ಕೋರ್ಟು ಕಚೇರಿಯ ವಿಷಯಕ್ಕೆ ಕರೆದಿದ್ದೀರಿ. ಆ ರೋಗದಲ್ಲಿ ಬೇರು ಕೊಳೆಯುವುದು ಮೊದಲು, ಸೋಗೆ ಹಳದಿಯಾಗಿ ಜೋತುಬೀಳುವುದು ಅನಂತರ. ಹಳೆಯ ಮೊಕದ್ದಮೆಯೂ ಹಾಗೆಯೇ; ಕಣ್ಣಿಗೆ ಕಾಣುವ ವೇಳೆಗೆ ಕಾಲ ಮೀರಿರುತ್ತದೆ.

ಮಲೆನಾಡಿನ ನನ್ನ ನೆರೆಯ ರೈತರೊಬ್ಬರ ಮೇಲೆ ಕಾಡಂಚಿನ ಒಂದೆಕರೆ ಸಾಗುವಳಿಗಾಗಿ ಒತ್ತುವರಿ ಮೊಕದ್ದಮೆ ದಾಖಲಾಗಿತ್ತು. ಎರಡು ಸಲ ಹಾಜರಾದರು. ಆಮೇಲೆ ಕೂಲಿ ಅರಸಿ ಊರು ಬಿಟ್ಟರು, ತಾರೀಖು ತಪ್ಪಿತು. ಹದಿನಾಲ್ಕು ವರ್ಷಗಳ ನಂತರ ವಾರಂಟು ಬಂದಿತು. ವಕೀಲರೊಡನೆ ಹೋಗಿ ನ್ಯಾಯಾಲಯಕ್ಕೆ ಶರಣಾದರು. ಜಾಮೀನು ಮಂಜೂರಾಯಿತು; ಆದರೆ ಪಹಣಿಯುಳ್ಳ ಜಾಮೀನುದಾರರು ಬೇಕೆಂಬ ಷರತ್ತು. ಅವರ ಬಂಧುಗಳೆಲ್ಲರೂ ಬಗರ್‌ಹುಕುಂ ಸಾಗುವಳಿದಾರರು. ಭೂಮಿಯ ದಾಖಲೆ ಇಲ್ಲವೆಂಬುದೇ ಆರೋಪ, ದಾಖಲೆ ತಂದರೆ ಮಾತ್ರ ಬಿಡುಗಡೆ! ನಾಲ್ಕು ರಾತ್ರಿ ಜೈಲಿನಲ್ಲಿ ಕಳೆದರು.

ಹಳೆಯ ವಾರಂಟು ದೊಡ್ಡವರನ್ನೂ ಬಿಟ್ಟಿಲ್ಲ. ಹುಬ್ಬಳ್ಳಿಯ ಈದ್ಗಾ ಮೈದಾನದ 1994ರ ಪ್ರಕರಣದಲ್ಲಿ ವಾರಂಟು ಹೊರಟಾಗ, 2004ರ ಆಗಸ್ಟಿನಲ್ಲಿ ಉಮಾ ಭಾರತಿಯವರು ಮಧ್ಯಪ್ರದೇಶದ ಮುಖ್ಯಮಂತ್ರಿ ಪದವಿ ತ್ಯಜಿಸಿ ಹುಬ್ಬಳ್ಳಿಗೆ ಬಂದು ಶರಣಾದರು. ಬಳಿಕ ನಮ್ಮ ರಾಜ್ಯ ಸರ್ಕಾರ ಮೊಕದ್ದಮೆಯನ್ನು ಹಿಂತೆಗೆದುಕೊಂಡಿತು. ಬಡ ಸಾಗುವಳಿದಾರನಿಗೆ ಅಂಥ ದಾರಿ ಸುಲಭವಾಗಿ ತೆರೆಯುವುದಿಲ್ಲ.

ಆದರೆ ಕಾನೂನು ಅವನ ಕೈಬಿಟ್ಟಿಲ್ಲ. 1978ರಲ್ಲಿ ಮೋತಿರಾಮ್ ಪ್ರಕರಣದಲ್ಲಿ, ಒಬ್ಬ ಗಾರೆ ಕೆಲಸದವನಿಂದ ಹತ್ತು ಸಾವಿರ ರೂಪಾಯಿಯ ಜಾಮೀನು ಕೇಳಿ, ಬೇರೆ ಜಿಲ್ಲೆಯಲ್ಲಿ ಆಸ್ತಿಯಿದ್ದ ಅಣ್ಣತಮ್ಮನನ್ನು ಒಪ್ಪದಿದ್ದುದನ್ನು ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಖಂಡಿಸಿದರು. ಒಂದು ಸಾವಿರ ರೂಪಾಯಿಯ ಸ್ವಂತ ಮುಚ್ಚಳಿಕೆಯ ಮೇಲೆ ಬಿಡುಗಡೆಗೆ ಆದೇಶಿಸಿದರು. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 478ನೇ ಕಲಮಿನಂತೆ, ಜಾಮೀನು ಕೊಡಬಹುದಾದ ಅಪರಾಧದಲ್ಲಿ ಬಂಧಿತನು ಒಂದು ವಾರದೊಳಗೆ ಜಾಮೀನು ಒದಗಿಸಲಾಗದಿದ್ದರೆ ಅವನನ್ನು ನಿರ್ಗತಿಕನೆಂದು ಭಾವಿಸಿ ಸ್ವಂತ ಮುಚ್ಚಳಿಕೆಯ ಮೇಲೆ ಬಿಡಬೇಕು.

ಆದ್ದರಿಂದ ವಾರಂಟು ಇದೆಯೆಂದು ತಿಳಿದರೆ ಅಡಗಬೇಡಿ. ತಾಲ್ಲೂಕು ಕಾನೂನು ಸೇವೆಗಳ ಸಮಿತಿಯನ್ನು ಕಾಣಿರಿ. ಮಹಿಳೆಯರಿಗೆ, ಪರಿಶಿಷ್ಟ ಜಾತಿ ಪಂಗಡದವರಿಗೆ, ಬಂಧನದಲ್ಲಿರುವವರಿಗೆ ಆದಾಯ ನೋಡದೆ ಉಚಿತ ವಕೀಲರು ದೊರೆಯುತ್ತಾರೆ. ಶರಣಾಗುವ ದಿನವೇ ವಾರಂಟು ರದ್ದತಿಗೂ ಜಾಮೀನಿಗೂ ಅರ್ಜಿ ಕೊಡಿರಿ. ಗೈರುಹಾಜರಿಯ ಕಾರಣವನ್ನು ಮುಚ್ಚಿಡದೆ ಬರೆಸಿರಿ. ವಿಳಾಸದ ದಾಖಲೆ ಒಯ್ಯಿರಿ.

ಕೊನೆಗೊಂದು ತಪ್ಪೊಪ್ಪಿಗೆ. ಆ ನಾಲ್ಕು ರಾತ್ರಿಗಳಿಗೆ ನಾನೂ ಹೊಣೆ. ನನ್ನ ಪಹಣಿ ಮನೆಯಲ್ಲೇ ಇತ್ತು; ತೋಟ ಕೈತಪ್ಪೀತೆಂದು ಹೆದರಿದೆ. ಆರೋಪಿ ತಪ್ಪಿಸಿಕೊಂಡರೆ ಜಾಮೀನುದಾರನು ಮುಚ್ಚಳಿಕೆಯ ಮೊತ್ತಕ್ಕೆ ಹೊಣೆಯೇ ಹೊರತು ಇಡೀ ತೋಟಕ್ಕಲ್ಲ ಎಂದು ವಕೀಲರು ಹೇಳಿದ ಮೇಲೆ, ಐದನೆಯ ದಿನ ಹೋಗಿ ಸಹಿ ಹಾಕಿದೆ. ಅವರು ಇಂದಿಗೂ ಒಂದು ತಾರೀಖನ್ನೂ ತಪ್ಪಿಸಿಲ್ಲ.

ಪಹಣಿಯುಳ್ಳ ನಾವು ಪಹಣಿ ಇಲ್ಲದ ನೆರೆಯವರ ಪರವಾಗಿ ನಿಲ್ಲೋಣ. ಮೊದಲ ದಿನವೇ ನಿಲ್ಲೋಣ.