ಜಪ್ತಿ ಮಾಡೋ ಮುಂಚೆ ನಮ್ಮ ಮಾತೂ ಕೇಳಿ

(ಕಾರ್ಯಕರ್ತರ ಅಧ್ಯಯನ ಶಿಬಿರದಲ್ಲಿ ಆಡಿದ ಮಾತಿನ ಬರಹ ರೂಪ)



ದುಡ್ಡು ನುಂಗಿದ ಕಂಪನಿಯ ಆಸ್ತಿಯನ್ನು ಸರ್ಕಾರ ಜಪ್ತಿ ಮಾಡಿತು ಅಂತ ಸುದ್ದಿ ಬಂದರೆ ನಮಗೆ ಖುಷಿಯಾಗುತ್ತೆ. ಆಗಬೇಕಾದ್ದೆ. 2019ರ ಜೂನ್‌ನಲ್ಲಿ ಬೆಂಗಳೂರಿನ ಐಎಂಎ ಬಾಗಿಲು ಹಾಕಿದಾಗ ಬೀದಿಗೆ ಬಿದ್ದೋರು ಯಾರು? ಬಹುಪಾಲು ಮುಸ್ಲಿಂ ಬಂಧುಗಳು, ಸಣ್ಣ ಸಂಪಾದನೆಯ ಜನ. ಅಂಥವರ ದುಡ್ಡು ವಾಪಸ್ಸು ಬರಬೇಕಾದರೆ ಮೋಸಗಾರನ ಆಸ್ತಿ ಹಿಡಿಯಲೇಬೇಕು. ಅವನು ಮಾರಿಕೊಂಡು ಓಡೋಕೆ ಮುಂಚೆ ಹಿಡೀಬೇಕು. ಇದಕ್ಕೆ ನಮ್ಮ ತಕರಾರಿಲ್ಲ.

ನಮ್ಮ ಪ್ರಶ್ನೆ ಬೇರೆ. ಜಪ್ತಿಯಾದದ್ದೆಲ್ಲ ಕಳ್ಳನದ್ದೇ ಅಂತ ಹೇಳೋರು ಯಾರು?

ರಸ್ತೆ ಬದಿಯಲ್ಲಿ ಸೊಪ್ಪು ಮಾರೋ ಹೆಂಗಸಿನ ಖಾತೆಗೆ ಯಾರೋ ಗಿರಾಕಿ ಫೋನಿನಿಂದ ಇನ್ನೂರು ರೂಪಾಯಿ ಹಾಕಿರ್ತಾನೆ. ಆ ದುಡ್ಡು ಎಲ್ಲೋ ದೂರದ ಊರಲ್ಲಿ ಮೋಸದಿಂದ ಬಂದದ್ದು ಅಂತ ಪೊಲೀಸರು ಬ್ಯಾಂಕಿಗೆ ಬರೀತಾರೆ. ಇನ್ನೂರಲ್ಲ, ಇಡೀ ಖಾತೆಯೇ ಬಂದ್. ಬ್ಯಾಂಕಿನೋರನ್ನು ಕೇಳಿದರೆ ಪೊಲೀಸರನ್ನು ಕೇಳಿ ಅಂತಾರೆ. ಪೊಲೀಸರು ಯಾವ ರಾಜ್ಯದೋರೋ ಏನೋ. ಇನ್ನು ನಮ್ಮ ಕೇರಿಯ ಹುಡುಗರ ಕತೆ. ಎರಡು ಸಾವಿರ ಕೊಡ್ತೀನಿ, ನಿನ್ನ ಪಾಸ್‌ಬುಕ್ಕು, ಕಾರ್ಡು ಕೊಡು ಅಂತ ಬಂದೋನ ಕೈಗೆ ಕೊಟ್ಟುಬಿಡ್ತಾರೆ. ದಂಧೆ ಮಾಡಿದೋನು ನಾಪತ್ತೆ, ಖಾತೆ ಇದ್ದೋನು ಆರೋಪಿ. ಹುಡುಗರಿಗೆ ಇದನ್ನು ಬಿಡಿಸಿ ಹೇಳಬೇಕಾದ್ದು ನಮ್ಮ ಕೆಲಸ. ಆದರೆ ಅವನ ಮಾತು ಕೇಳೋದು ಸರ್ಕಾರದ ಕೆಲಸ.

ಊರ ಕಟ್ಟೆಯ ಮೇಲೆ ಪಂಚಾಯ್ತಿ ಕೂತಾಗ ನಮ್ಮ ತಾತಂದಿರು ದೂರದಲ್ಲಿ ಕೈಕಟ್ಟಿ ನಿಂತಿದ್ದರು. ತಪ್ಪು ಯಾರದ್ದು ಅಂತ ಅವರನ್ನು ಕೇಳಲಿಲ್ಲ, ದಂಡ ಎಷ್ಟು ಅಂತ ಮಾತ್ರ ಹೇಳಿದರು. ಎರಡೂ ಕಡೆಯೋರ ಮಾತು ಕೇಳದೆ ತೀರ್ಪು ಕೊಡಬಾರದು ಅನ್ನೋದು ಓದಿದೋರಿಗೆ ಕಾನೂನಿನ ಪಾಠ. ನಮಗೆ ಅದು ಬೆನ್ನ ಮೇಲಿನ ಬಾಸುಂಡೆ.

ಕಾನೂನು ಏನು ಹೇಳುತ್ತೆ ನೋಡೋಣ. 1978ರಲ್ಲಿ ಮೇನಕಾ ಗಾಂಧಿಯವರ ಪಾಸ್‌ಪೋರ್ಟು ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು, ಸರ್ಕಾರ ಹಿಡಿಯೋ ದಾರಿ ನ್ಯಾಯವಾಗಿರಬೇಕು, ಮನಸ್ಸಿಗೆ ಬಂದಂತೆ ಇರಕೂಡದು ಅಂದಿತು. 1985ರಲ್ಲಿ ಮುಂಬಯಿಯ ಫುಟ್‌ಪಾತಿನ ಗುಡಿಸಲಿನೋರ ಮೊಕದ್ದಮೆಯಲ್ಲಿ, ಎಬ್ಬಿಸೋ ಮುಂಚೆ ಅವರ ಮಾತು ಕೇಳಬೇಕು ಅಂದಿತು. (ಮಾತು ಕೇಳಿದ್ದಾಯ್ತು, ಮಳೆಗಾಲ ಮುಗಿದ ಮೇಲೆ ಎಬ್ಬಿಸಬಹುದು ಅಂತಲೂ ಅದೇ ತೀರ್ಪು ಹೇಳಿತು. ಕಿವಿಗೊಟ್ಟ ಮಾತ್ರಕ್ಕೆ ನ್ಯಾಯ ಸಿಕ್ಕಿತು ಅಂತ ನಾವೇನೂ ಕುಣಿಯೋದು ಬೇಡ.) 2023ರ ಮಾರ್ಚಿನಲ್ಲಿ, ಸಾಲಗಾರನ ಮಾತು ಕೇಳದೆ ಬ್ಯಾಂಕುಗಳು ಅವನ ಖಾತೆಗೆ 'ವಂಚನೆ' ಅನ್ನೋ ಹಣೆಪಟ್ಟಿ ಕಟ್ಟಬಾರದು ಅಂತ ಅದೇ ಕೋರ್ಟು ಹೇಳಿತು. ಕೋಟಿಗಟ್ಟಲೆ ಸಾಲ ಮಾಡಿದೋರಿಗೆ ಈ ಹಕ್ಕು ಇದೆ ಅಂದಮೇಲೆ ಸೊಪ್ಪು ಮಾರೋಳಿಗೆ ಯಾಕಿಲ್ಲ?

ಅಕ್ರಮ ಹಣ ವರ್ಗಾವಣೆ ತಡೆ ಕಾಯ್ದೆ 2002ರದ್ದು, ಜಾರಿಗೆ ಬಂದದ್ದು 2005ರಲ್ಲಿ. ಇದರಲ್ಲಿ ಇ.ಡಿ. ಅಧಿಕಾರಿ ಮೊದಲು ಮುಟ್ಟುಗೋಲು ಹಾಕ್ತಾನೆ, ಕೇಳೋದು ಆಮೇಲೆ. ಆದರೆ ಯಾಕೆ ಹಾಕಿದೆ ಅನ್ನೋ ಕಾರಣ ಬರೆದಿಡಬೇಕು. 30 ದಿನದೊಳಗೆ ನಿರ್ಣಯ ಪ್ರಾಧಿಕಾರದ ಮುಂದೆ ದೂರು ಕೊಡಬೇಕು. ಪ್ರಾಧಿಕಾರ ನೋಟೀಸು ಕೊಟ್ಟು ಉತ್ತರಕ್ಕೆ ಕಡಿಮೆ ಅಂದರೂ 30 ದಿನ ಬಿಡಬೇಕು. 180 ದಿನದಲ್ಲಿ ಖಾಯಂ ಆಗದಿದ್ದರೆ ಮುಟ್ಟುಗೋಲು ಬಿದ್ದುಹೋಗುತ್ತೆ. ನೋಟೀಸು ಬರದೇ ಇರೋ ಮೂರನೆಯೋನು 'ಇದು ನಂದು' ಅಂತ ಬಂದರೆ ಅವನ ಮಾತೂ ಕೇಳಬೇಕು. 2022ರ ಜುಲೈನಲ್ಲಿ ಸುಪ್ರೀಂ ಕೋರ್ಟು ಈ ಕಾಯ್ದೆಯನ್ನು ಎತ್ತಿಹಿಡಿಯಿತು. ಆದರೂ ಮೊಕದ್ದಮೆ ಮುಗಿಯೋ ಮುಂಚೆ ಆಸ್ತಿಯ ಸ್ವಾಧೀನ ಕಿತ್ತುಕೊಳ್ಳೋದು ಅಪರೂಪಕ್ಕೆ ಮಾತ್ರ ಆಗಬೇಕು ಅಂದಿತು.

ಕಾಗದದ ಮೇಲೆ ಚೆನ್ನಾಗೇ ಇದೆ. ಆದರೆ ಪ್ರಾಧಿಕಾರ ಕೂತಿರೋದು ದೆಹಲಿಯಲ್ಲಿ. ನೋಟೀಸು ಬರೋದು ಇಂಗ್ಲಿಷಿನಲ್ಲಿ. ಆಸ್ತಿ ಹೇಗೆ ಬಂತು ಅಂತ ದಾಖಲೆ ಸಮೇತ ತೋರಿಸು ಅಂತಾರೆ. ಕೂಲಿ ಮಾಡಿ ಗಂಟು ಕಟ್ಟಿದ ದುಡ್ಡಿಗೆ ರಸೀದಿ ಎಲ್ಲಿಂದ ತರೋದು?

ಜಮೀನಿನ ವಿಷಯ ನಮಗೆ ಬಹಳ ಮುಖ್ಯ. ಠೇವಣಿ ಕಂಪನಿಗಳು ಮುಳುಗಿದಾಗ 2004ರ ಕರ್ನಾಟಕ ಠೇವಣಿದಾರರ ಹಿತ ರಕ್ಷಣಾ ಕಾಯ್ದೆಯ ಕೆಳಗೆ ಸರ್ಕಾರ ಅವುಗಳ ಆಸ್ತಿ ಮುಟ್ಟುಗೋಲು ಹಾಕುತ್ತೆ. ಅದನ್ನು ಖಾಯಂ ಮಾಡೋದು ವಿಶೇಷ ಕೋರ್ಟು. ಆ ಆಸ್ತಿಯಲ್ಲಿ ನಮ್ಮೋರಿಗೆ ಮಂಜೂರಾಗಿ, ಆಮೇಲೆ ಯಾರೋ ಮೋಸದಿಂದ ಬರೆಸಿಕೊಂಡ ಜಮೀನು ಸೇರಿದ್ದರೆ? 1978ರ ಪಿಟಿಸಿಎಲ್ ಕಾಯ್ದೆ ಪ್ರಕಾರ ಸರ್ಕಾರದ ಅನುಮತಿ ಇಲ್ಲದ ಮಾರಾಟ ಅನೂರ್ಜಿತ. ಅಂದರೆ ಆ ಭೂಮಿ ಕಂಪನಿಯದ್ದು ಆಗಿದ್ದೇ ಇಲ್ಲ. ಹರಾಜಿಗೆ ಹೋಗೋ ಮುಂಚೆ ಈ ಮಾತನ್ನು ಆ ಕೋರ್ಟಿನಲ್ಲಿ ಹೇಳಬೇಕು, ಉಪವಿಭಾಗಾಧಿಕಾರಿಯ ಮುಂದೆ ಅರ್ಜಿಯನ್ನೂ ಹಾಕಬೇಕು. ತಡವಾಯ್ತು ಅಂತ ಅರ್ಜಿ ತಳ್ಳಿಹಾಕ್ತಿದ್ದ ಕಾಲ ಇತ್ತು. 2023ರ ತಿದ್ದುಪಡಿ ಆ ಅಡ್ಡಗಾಲು ತೆಗೆಯೋಕೆ ಅಂತಲೇ ಬಂದದ್ದು. ಹರಾಜಾದ ಮೇಲೆ ಹೋದರೆ ಮೂರನೇ ಮಾಲೀಕನ ಜೊತೆ ಹೊಡೆದಾಟ.

2024ರ ಜುಲೈ 1ರಿಂದ ನಾಗರಿಕ ಸುರಕ್ಷಾ ಸಂಹಿತೆಯ 107ನೇ ಕಲಮು ಬಂದಿದೆ. ಇದರಲ್ಲಿ ನೋಟೀಸಿಗೆ ಉತ್ತರ ಕೊಡೋಕೆ ಬರೀ 14 ದಿನ. ಬರದಿದ್ದರೆ ಒಂದೇ ಕಡೆಯ ಮಾತಿನ ಮೇಲೆ ಆದೇಶ. ಕೂಲಿಗೆ ಅಂತ ಕಾಫಿ ತೋಟಕ್ಕೆ ಹೋದೋನು ವಾಪಸ್ಸು ಬರೋ ಹೊತ್ತಿಗೆ 14 ದಿನ ಕಳೆದಿರುತ್ತೆ. ಜಪ್ತಿಯಾದ ದುಡ್ಡನ್ನು ಜಿಲ್ಲಾ ಮ್ಯಾಜಿಸ್ಟ್ರೇಟು 60 ದಿನದೊಳಗೆ ಮೋಸಹೋದೋರಿಗೆ ಹಂಚಬೇಕು ಅಂತಲೂ ಅದೇ ಕಲಮಿನಲ್ಲಿದೆ. ಅದು ಒಳ್ಳೇದೆ. ಅದನ್ನೂ ಬಿಡದೆ ಕೇಳಬೇಕು.

ನೋಟೀಸು ಕನ್ನಡದಲ್ಲಿ ಬರಲಿ, ವಿಚಾರಣೆ ನಮ್ಮ ರಾಜ್ಯದಲ್ಲೇ ನಡೀಲಿ, ತಕರಾರು ಇರೋ ದುಡ್ಡು ಬಿಟ್ಟು ಮಿಕ್ಕ ಖಾತೆ ತೆರೆದಿರಲಿ ಅಂತ ನಾವು ಒತ್ತಾಯ ಮಾಡ್ತೇವೆ. ಅಲ್ಲಿವರೆಗೆ ಯಾರೂ ನೋಟೀಸನ್ನು ಸೂರಿಗೆ ಸಿಕ್ಕಿಸಿ ಸುಮ್ಮನಿರಬೇಡಿ. ಕೈಗೆ ಸಿಕ್ಕಿದ ತಾರೀಖನ್ನು ಅದರ ಮೇಲೇ ಬರೆದಿಡಿ. ಓದದ ಕಾಗದಕ್ಕೆ ಹೆಬ್ಬೆಟ್ಟು ಒತ್ತಬೇಡಿ. 1987ರ ಕಾನೂನು ಸೇವೆಗಳ ಕಾಯ್ದೆಯಲ್ಲಿ ಪರಿಶಿಷ್ಟ ಜಾತಿ, ಪಂಗಡದೋರಿಗೆ ಆದಾಯ ಎಷ್ಟೇ ಇದ್ದರೂ ವಕೀಲರು ಪುಕ್ಕಟೆ. ಜಾತಿ ಸರ್ಟಿಫಿಕೇಟು, ಪಾಸ್‌ಬುಕ್ಕು, ಪಹಣಿ, ಮಂಜೂರಾತಿ ಪತ್ರ ಹಿಡಿದುಕೊಂಡು ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಹೋಗಿ. ಒಬ್ಬೊಬ್ಬರೇ ಹೋಗಬೇಡಿ, ನಮ್ಮನ್ನೂ ಕರೀರಿ.